ಕೇಳಿ, ಹೇಳ್ತೀನಿ: ಟಿಕ್ ಹಾಕಿದರೆ ಮತ ಹೋಯ್ತು

(ನಿವೃತ್ತ ಗಣಿತ ಮೇಷ್ಟ್ರ ಪ್ರಶ್ನೋತ್ತರ)

ಪ್ರಶ್ನೆ: ನಾನು 2018ರಲ್ಲಿ ಬಿ.ಕಾಂ. ಮುಗಿಸಿದವಳು. ವಿಧಾನಸಭೆ, ಲೋಕಸಭೆ ಎರಡಕ್ಕೂ ತಪ್ಪದೆ ಮತ ಹಾಕಿದ್ದೇನೆ. 2024ರ ಜೂನ್‌ನಲ್ಲಿ ಪದವೀಧರ ಕ್ಷೇತ್ರದ ಚುನಾವಣೆಗೆ ವೋಟರ್ ಐಡಿ ಹಿಡಿದು ಹೋದರೆ ಪಟ್ಟಿಯಲ್ಲಿ ಹೆಸರೇ ಇಲ್ಲ ಅಂದರು. ತೆಗೆದವರು ಯಾರು? ಅಷ್ಟಕ್ಕೂ ಈ ವಿಧಾನ ಪರಿಷತ್ತಿಗೆ ಯಾರು ಯಾರನ್ನು ಆರಿಸುತ್ತಾರೆ?
– ಓದುಗಿ, ಸಾಗರ

ಉತ್ತರ: ಯಾರೂ ತೆಗೆದಿಲ್ಲಮ್ಮ. ನಿಮ್ಮ ಹೆಸರು ಅಲ್ಲಿ ಇರಲೇ ಇಲ್ಲ. ವಿಧಾನಸಭೆಯ ಮತದಾರರ ಪಟ್ಟಿ ಬೇರೆ, ಪದವೀಧರರ ಪಟ್ಟಿ ಬೇರೆ. ಎರಡನೆಯದಕ್ಕೆ ನೀವೇ ನಮೂನೆ 18ರಲ್ಲಿ ಅರ್ಜಿ ಕೊಡಬೇಕು. ಜೊತೆಗೆ ಪದವಿ ಪ್ರಮಾಣಪತ್ರದ ಪ್ರತಿ ಇರಬೇಕು. ಇನ್ನೊಂದು ವಿಷಯ ತುಂಬಾ ಜನಕ್ಕೆ ಗೊತ್ತಿಲ್ಲ. ಪ್ರತಿ ಚುನಾವಣೆಗೂ ಹಳೆಯ ಪಟ್ಟಿ ಬಿಸಾಕಿ ಹೊಸದು ಮಾಡುತ್ತಾರೆ. ಹೋದ ಸಲ ಹೆಸರು ಇತ್ತು ಅಂತ ಸುಮ್ನೆ ಕೂತರೆ ಈ ಸಲ ಇರೋದಿಲ್ಲ.

ಲೆಕ್ಕ ಹಾಕೋದು ನವೆಂಬರ್ 1ನೇ ತಾರೀಖಿಗೆ. ಆ ದಿನಕ್ಕೆ ನೀವು ಪದವಿ ಪಡೆದು 3 ವರ್ಷ ಆಗಿರಬೇಕು, ಆ ಕ್ಷೇತ್ರದಲ್ಲೇ ವಾಸ ಇರಬೇಕು. ಸಾಗರ ಬರೋದು ನೈಋತ್ಯ ಪದವೀಧರ ಕ್ಷೇತ್ರಕ್ಕೆ. ಸದಸ್ಯರ ಅವಧಿ 6 ವರ್ಷ, ಹಾಗಾಗಿ ನಿಮ್ಮಲ್ಲಿ ಮುಂದಿನ ಚುನಾವಣೆ 2030ಕ್ಕೆ. 2029ರ ಅಕ್ಟೋಬರ್ ಬಂದ ತಕ್ಷಣ ತಾಲ್ಲೂಕು ಕಚೇರಿಯಲ್ಲಿ ವಿಚಾರಿಸಿ. ಯಾರೋ ಮನೆಗೆ ಬಂದು ಅರ್ಜಿ ತುಂಬಿಸಿಕೊಂಡು ಹೋದರೆ ಅವರನ್ನೇ ನಂಬಿ ಕೂರಬೇಡಿ. ಅವರಿಗೆ ಬೇಕಾದ ಅರ್ಜಿಗಳು ಮಾತ್ರ ಕಚೇರಿ ಮುಟ್ಟಿದ ಕಥೆಗಳನ್ನು ನಾನು ಕೇಳಿದ್ದೇನೆ.

ಈಗ ಯಾರು ಯಾರನ್ನು ಅನ್ನೋದು. ವಿಧಾನಸಭೆಯ 224 ಜನರನ್ನು ನಾವೆಲ್ಲ ನೇರವಾಗಿ ಆರಿಸುತ್ತೇವೆ. ಪರಿಷತ್ತಿನ 75 ಸ್ಥಾನಗಳ ಕಥೆ ಹಾಗಲ್ಲ. 25 ಜನರನ್ನು ಶಾಸಕರು ಆರಿಸುತ್ತಾರೆ. ಒಂದೇ ಸಲ 11 ಸ್ಥಾನ ಖಾಲಿಯಾದರೆ, ಸುಮಾರು 19 ಶಾಸಕರ ಮತ ಇದ್ದವರು ಗೆದ್ದಂತೆ. ಇನ್ನೊಂದು 25 ಸ್ಥಳೀಯ ಸಂಸ್ಥೆಗಳದ್ದು. ನಿಮ್ಮೂರ ಗ್ರಾಮ ಪಂಚಾಯಿತಿ ಸದಸ್ಯರಿಗೆ ಐದಾರು ವರ್ಷಕ್ಕೊಮ್ಮೆ ಇದ್ದಕ್ಕಿದ್ದಂತೆ ಭಾರೀ ಮರ್ಯಾದೆ ಸಿಗುತ್ತದಲ್ಲ, ಆ ಚುನಾವಣೆ ಇದು. ಪದವೀಧರರಿಗೆ 7, ಶಿಕ್ಷಕರಿಗೆ 7. ಉಳಿದ 11 ಜನರನ್ನು ರಾಜ್ಯಪಾಲರು ನಾಮಕರಣ ಮಾಡುತ್ತಾರೆ. ಸಾಹಿತ್ಯ, ವಿಜ್ಞಾನ, ಕಲೆ, ಸಹಕಾರ, ಸಮಾಜಸೇವೆ ಗೊತ್ತಿರುವವರು ಬರಲಿ ಅನ್ನೋದು ಸಂವಿಧಾನದ ಆಸೆ. ಪಟ್ಟಿ ಕಳಿಸೋದು ಸರ್ಕಾರ. ಜಾಸ್ತಿ ಹೇಳೋದಿಲ್ಲ.

ಶಿಕ್ಷಕರ ಕ್ಷೇತ್ರದಲ್ಲಿ ಮತ ಇರೋದು ಪ್ರೌಢಶಾಲೆ ಮತ್ತು ಅದಕ್ಕಿಂತ ಮೇಲಿನವರಿಗೆ ಮಾತ್ರ. ನಮ್ಮ ಮನೆಯವರು ಪ್ರಾಥಮಿಕ ಶಾಲೆ ಟೀಚರ್ ಆಗಿದ್ದರು. "ಅಕ್ಷರ ಕಲಿಸಿದವರಿಗೆ ಮತ ಇಲ್ಲ, ಕಲಿತು ಬಂದವರಿಗೆ ಪಾಠ ಹೇಳಿದ ನಿಮಗೆ ಇದೆ" ಅಂತ ಈಗಲೂ ಕುಟುಕುತ್ತಾರೆ. ನನ್ನ ಹತ್ತಿರ ಉತ್ತರ ಇಲ್ಲ.

ಅದೂ ಅಲ್ಲದೆ, ಸಿಕ್ಕ ಮತವನ್ನು ನಾನು ಉಳಿಸಿಕೊಂಡೆನಾ? ಮೊದಲ ಸಲ ಮತಪತ್ರ ಕೈಗೆ ಬಂದಾಗ ನನಗೆ ಬೇಕಾದವರ ಹೆಸರಿನ ಮುಂದೆ ಚೆಂದವಾಗಿ ಒಂದು ಟಿಕ್ ಹಾಕಿ ಬಂದೆ. ಮಕ್ಕಳ ಉತ್ತರಪತ್ರಿಕೆ ತಿದ್ದಿ ತಿದ್ದಿ ಬಂದ ಚಾಳಿ. ಸ್ಟಾಫ್ ರೂಮಿನಲ್ಲಿ ಟೀ ಕುಡಿಯುತ್ತಾ ಹೇಳಿದೆ, ಪಕ್ಕದಲ್ಲಿದ್ದ ಹಿಂದಿ ಮೇಷ್ಟ್ರು ಬಿದ್ದು ಬಿದ್ದು ನಕ್ಕರು. ಅಲ್ಲಿ ಟಿಕ್ ನಡೆಯೋದಿಲ್ಲ. ಮೊದಲ ಆಯ್ಕೆಯವರ ಮುಂದೆ 1, ಆಮೇಲಿನ ಆಯ್ಕೆಗಳಿಗೆ 2, 3 ಅಂತ ಅಂಕಿ ಬರೆಯಬೇಕು. ಗಣಿತದವನು ನಾನು!

ಮುಂದೊಂದು ಪದವೀಧರ ಚುನಾವಣೆಯಲ್ಲಿ ಎಣಿಕೆ ಕೆಲಸಕ್ಕೆ ಹಾಕಿದರು. ಆಗ ಗೊತ್ತಾಯಿತು, ದಡ್ಡ ನಾನೊಬ್ಬನೇ ಅಲ್ಲ. ಟಿಕ್ ಹಾಕಿದ್ದರು, "ಒಂದು" ಅಂತ ಅಕ್ಷರದಲ್ಲಿ ಬರೆದಿದ್ದರು, ಇಬ್ಬರಿಗೆ 1 ಕೊಟ್ಟಿದ್ದರು. ಒಬ್ಬರಂತೂ ದುಂಡಗೆ ಸಹಿ ಮಾಡಿದ್ದರು. ಎಲ್ಲವೂ ಅಸಿಂಧು. ಮತ ಹಾಕಿದವರೆಲ್ಲ ಡಿಗ್ರಿ ಓದಿದವರು, ನೆನಪಿರಲಿ.

ಎಣಿಕೆ ಹೇಗೆ ಅಂದರೆ, ಸರಿಯಾದ ಮತ 10,000 ಇವೆ ಅಂದುಕೊಳ್ಳಿ. ಅರ್ಧಕ್ಕೆ ಒಂದು ಸೇರಿಸಿ, 5,001. ಅದು ಕೋಟಾ. ಮೊದಲ ಸುತ್ತಲ್ಲೇ ಯಾರಿಗಾದರೂ ಅಷ್ಟು 1ಗಳು ಸಿಕ್ಕರೆ ಕೆಲಸ ಮುಗೀತು. ಸಿಗದಿದ್ದರೆ ಎಲ್ಲರಿಗಿಂತ ಕಡಿಮೆ ಬಂದವರನ್ನು ಕೈಬಿಟ್ಟು, ಅವರ ಕಟ್ಟಿನಲ್ಲಿರುವ ಒಂದೊಂದೇ ಚೀಟಿ ತೆಗೆದು 2 ಎಲ್ಲಿದೆ ಅಂತ ನೋಡುತ್ತಾರೆ. 2 ಯಾರಿಗಿದೆಯೋ ಆ ಚೀಟಿ ಅವರ ಕಟ್ಟಿಗೆ. ಹೀಗೇ ಒಬ್ಬೊಬ್ಬರನ್ನೇ ಕೈಬಿಡುತ್ತಾ ಹೋಗಬೇಕು. ಬೆಳಿಗ್ಗೆ ಕೂತ ನಾವು ಎದ್ದಾಗ ಹಾಲಿನವರು ಬರುವ ಹೊತ್ತು. 1 ಮಾತ್ರ ಬರೆದು 2 ಬಿಟ್ಟರೆ ಮತ ಕೆಡುವುದಿಲ್ಲ, ಆದರೆ ನಿಮ್ಮ ಅಭ್ಯರ್ಥಿ ಹೊರಬಿದ್ದಾಗ ನಿಮ್ಮ ಚೀಟಿಯೂ ಅಲ್ಲಿಗೇ ನಿಲ್ಲುತ್ತದೆ. ನಾನಂತೂ ಮೂರರವರೆಗೆ ಬರೆಯುತ್ತೇನೆ. ಈಗ ಮತಗಟ್ಟೆಯಲ್ಲೇ ನೇರಳೆ ಬಣ್ಣದ ಸ್ಕೆಚ್ ಪೆನ್ ಕೊಡುತ್ತಾರೆ, ಅದರಲ್ಲೇ ಬರೆಯಬೇಕು. ಜೇಬಿನ ಪೆನ್ ಮುಟ್ಟಬೇಡಿ. ಅಂಕಿ ಕನ್ನಡದಲ್ಲೂ ನಡೆಯುತ್ತದೆ, ೧ ಅಂತ ಬರೆಯಬಹುದು.

ಪ್ರಶ್ನೆ: ವಿಧಾನಸಭೆ ಒಪ್ಪಿದ ಮಸೂದೆಯನ್ನು ಪರಿಷತ್ತು ಬೇಡ ಅಂದರೆ ಕೊನೆಗೆ ಯಾರ ಮಾತು ನಡೆಯುತ್ತದೆ?
– ಓದುಗರು, ಹಾವೇರಿ

ಉತ್ತರ: ವಿಧಾನಸಭೆಯದ್ದೇ. 2024ರ ಫೆಬ್ರವರಿಯಲ್ಲಿ ಮುಜರಾಯಿ ದೇವಸ್ಥಾನಗಳ ತಿದ್ದುಪಡಿ ಮಸೂದೆ ಪರಿಷತ್ತಿನಲ್ಲಿ ಬಿದ್ದುಹೋಯಿತು. ಕೆಲವೇ ದಿನಗಳಲ್ಲಿ ವಿಧಾನಸಭೆ ಅದನ್ನು ಮತ್ತೆ ಪಾಸು ಮಾಡಿತು. ಎರಡನೇ ಸಲ ಬಂದಾಗಲೂ ಪರಿಷತ್ತು ತಿರಸ್ಕರಿಸಿದರೆ, ಆಗ ಎರಡೂ ಸದನ ಒಪ್ಪಿದಂತೆಯೇ ಲೆಕ್ಕ. ಸುಮ್ಮನೆ ಇಟ್ಟುಕೊಂಡು ಕೂರಬಹುದು ಅಂದರೆ ಮೊದಲ ಸಲ 3 ತಿಂಗಳು, ಎರಡನೇ ಸಲ 1 ತಿಂಗಳು. ಹಣಕಾಸಿನ ಮಸೂದೆಗೆ ಬರೀ 14 ದಿನ. ದೆಹಲಿಯಲ್ಲಿ ಎರಡೂ ಸದನ ಒಟ್ಟಿಗೆ ಕೂತು ತೀರ್ಮಾನಿಸುವ ಜಂಟಿ ಅಧಿವೇಶನ ಇದೆ, ಆ ದಾರಿ ರಾಜ್ಯದಲ್ಲಿ ಇಲ್ಲ.

ಹಾಗಾದರೆ ಪರಿಷತ್ತು ಯಾಕೆ ಬೇಕು ಅಂತ ನೀವು ಮುಂದಿನ ವಾರ ಕೇಳುತ್ತೀರಿ, ಗೊತ್ತು. ತಮಿಳುನಾಡು 1986ರಲ್ಲೇ ಬೇಡ ಅಂತು. ಆಂಧ್ರ 1985ರಲ್ಲಿ ತೆಗೆದು 2007ರಲ್ಲಿ ಮತ್ತೆ ತಂದುಕೊಂಡಿತು. ನನ್ನ ಮಟ್ಟಿಗೆ, ಅವಸರದಲ್ಲಿ ಬಂದ ಮಸೂದೆಯನ್ನು ಇನ್ನೊಂದು ಮನೆಯವರು ಒಮ್ಮೆ ತಿರುಗಿಸಿ ನೋಡಲಿ. ಆದರೆ ಸೋತವರನ್ನು ಕೂರಿಸುವ ಜಗಲಿ ಆಗಬಾರದು.

ಪ್ರಶ್ನೆ: ಡಿಗ್ರಿ ಇಲ್ಲದವರು ಪದವೀಧರ ಕ್ಷೇತ್ರದಲ್ಲಿ ಚುನಾವಣೆಗೆ ನಿಲ್ಲಬಹುದಾ? ಹಾಸ್ಟೆಲ್‌ನಲ್ಲಿ ಬೆಟ್ ಕಟ್ಟಿದ್ದೇವೆ, ಬೇಗ ಹೇಳಿ ಸರ್.
– ವಿದ್ಯಾರ್ಥಿ, ಹಾಸನ

ಉತ್ತರ: ನಿಲ್ಲಬಹುದು. ಡಿಗ್ರಿ ಬೇಕಾಗಿರೋದು ಮತ ಹಾಕುವವರಿಗೆ. ನಿಲ್ಲುವವರಿಗೆ 30 ವರ್ಷ ಆಗಿರಬೇಕು, ರಾಜ್ಯದ ಯಾವುದಾದರೂ ವಿಧಾನಸಭಾ ಕ್ಷೇತ್ರದ ಮತದಾರರ ಪಟ್ಟಿಯಲ್ಲಿ ಹೆಸರಿರಬೇಕು. 1972ರಲ್ಲಿ ಸುಪ್ರೀಂ ಕೋರ್ಟೇ ಹೀಗೆ ಹೇಳಿದೆ. ನೀವು ಯಾವ ಕಡೆಗೆ ಬೆಟ್ ಕಟ್ಟಿದ್ದೀರಿ ಅಂತ ಮಾತ್ರ ಬರೆದಿಲ್ಲ.