ಟ್ರೊಮ್ಸೊಗೆ ಹೊರಟ ತಮ್ಮನಿಗೆ

ಶಂಕರಘಟ್ಟದಲ್ಲಿ ಮೈಕ್ರೋಬಯಾಲಜಿ ಎಂ.ಎಸ್ಸಿ. ಮುಗಿಸಿ, ನಾರ್ವೆಯ ಟ್ರೊಮ್ಸೊದಲ್ಲಿ ಪಿಎಚ್.ಡಿ. ಸಿಕ್ಕಿದೆ ಎಂದು ಬರೆದಿದ್ದೀಯ. ಓದಿ ತುಂಬಾ ಖುಷಿಯಾಯಿತು. ಸೂರ್ಯನೇ ಬಾರದ ಊರಲ್ಲಿ ಇರೋದು ಹೇಗೆ, ಮೀನು ಮಾಂಸ ಮುಟ್ಟದವನಿಗೆ ಊಟ ಸಿಗುತ್ತದಾ ಎಂದು ಕೇಳಿದ್ದೀಯ. ಹೆಪ್ಪುಗಟ್ಟಿದ ಮಣ್ಣು ಕರಗಿ ಹಳೇ ರೋಗ ಬರುತ್ತದೆ ಎಂದು ಅಮ್ಮ ಹೆದರಿದ್ದಾರೆ, ಅವರಿಗೆ ಏನು ಹೇಳಲಿ ಎಂದೂ ಕೇಳಿದ್ದೀಯ. ಕೊನೆಗೆ ಮುಖ್ಯ ಪ್ರಶ್ನೆ: 37 ಡಿಗ್ರಿಯ ಇನ್‌ಕ್ಯುಬೇಟರ್ ಬಿಟ್ಟು ಬೇರೇನೂ ನೋಡಿಲ್ಲ, ಧ್ರುವದ ಶಿಲೀಂಧ್ರಗಳ ಜೊತೆ ಕೆಲಸ ಮಾಡೋಕೆ ಏನು ಕಲಿತು ಬರಲಿ? ಅಕ್ಕ ಅಂತ ಕರೆದು ಕೇಳಿದ್ದೀಯ, ಗೊತ್ತಿರುವಷ್ಟು ಹೇಳುತ್ತೇನೆ.

ನಾನು ಇಲ್ಲಿ ಬಂದಿಳಿದದ್ದು ನವೆಂಬರ್ ಕೊನೆಯಲ್ಲಿ. ಮಧ್ಯಾಹ್ನ ಎರಡು ಗಂಟೆಗೇ ಕತ್ತಲು. ಬಸ್ಸಿಳಿದು ಎರಡು ಹೆಜ್ಜೆ ಇಟ್ಟೆ, ಜಾರಿ ಬಿದ್ದೆ. ಎಂಬತ್ತರ ಹತ್ತಿರದ ಅಜ್ಜಿಯೊಬ್ಬರು ಕೈಹಿಡಿದು ಎಬ್ಬಿಸಿ, ತಮ್ಮ ಶೂ ಅಡಿಯ ಕಬ್ಬಿಣದ ಮುಳ್ಳು ತೋರಿಸಿದರು. ಅದಕ್ಕೆ ಬ್ರೊಡ್ಡರ್ ಅನ್ನುತ್ತಾರೆ. ಶೂಗೆ ಸಿಕ್ಕಿಸಿಕೊಂಡರೆ ಆಯಿತು. ದಪ್ಪ ಜಾಕೆಟ್‌ಗಿಂತ ಮೊದಲು ಅದನ್ನು ತಗೋ.

ಚಳಿ ನೀನು ಅಂದುಕೊಂಡಷ್ಟು ಇಲ್ಲ. ಊರು 69 ಡಿಗ್ರಿ ಉತ್ತರದಲ್ಲಿದ್ದರೂ ಅಟ್ಲಾಂಟಿಕ್‌ನ ಬೆಚ್ಚನೆಯ ಪ್ರವಾಹ ಮುಟ್ಟುವುದರಿಂದ ಬಂದರಿನ ನೀರು ಹೆಪ್ಪುಗಟ್ಟುವುದಿಲ್ಲ. ಕಷ್ಟ ಕೊಡುವುದು ಕತ್ತಲೇ. ನವೆಂಬರ್ ಕೊನೆಯಿಂದ ಜನವರಿ ಮಧ್ಯದವರೆಗೆ ಸೂರ್ಯ ಮೇಲೆ ಬರುವುದಿಲ್ಲ. ಮಧ್ಯಾಹ್ನ ಸ್ವಲ್ಪ ಹೊತ್ತು ನೀಲಿ ಬೆಳಕು ಇರುತ್ತದೆ, ಆಗ ಲ್ಯಾಬ್ ಬಿಟ್ಟು ಹೊರಗೆ ನಡೆ. ವಿಟಮಿನ್ ಡಿ ತಗೋ. ಜನವರಿ 21ಕ್ಕೆ ಊರವರೆಲ್ಲ ಸೂರ್ಯನ ಹೆಸರಲ್ಲಿ ಸಿಹಿ ಬನ್ ತಿನ್ನುತ್ತಾರೆ. ಆ ದಿನ ನಮ್ಮ ಸಂಕ್ರಾಂತಿ ನೆನಪಾಗಿ ನನಗೆ ಮನೆಗೆ ಫೋನ್ ಮಾಡದೆ ಇರೋಕೆ ಆಗುವುದಿಲ್ಲ.

ಊಟಕ್ಕೆ ತೊಂದರೆ ಇಲ್ಲ. ಅಕ್ಕಿ, ಬೇಳೆ, ಮೊಸರು ಸಿಗುತ್ತದೆ. ಕುಕ್ಕರಿನ ಗ್ಯಾಸ್ಕೆಟ್ ಎರಡು ಜಾಸ್ತಿ ಇಟ್ಟುಕೊಂಡು ಬಾ, ಸಾರಿನಪುಡಿ ಮನೆಯದೇ ಇರಲಿ.

ಅಮ್ಮನ ಭಯವನ್ನು ಸುಮ್ನೆ ತಳ್ಳಿಹಾಕಬೇಡ. 2016ರಲ್ಲಿ ಸೈಬೀರಿಯದ ಯಮಾಲ್‌ನಲ್ಲಿ ಆಂಥ್ರಾಕ್ಸ್ ಎಂಬ ಬ್ಯಾಕ್ಟೀರಿಯಾ ರೋಗ ಬಂದು ಎರಡು ಸಾವಿರಕ್ಕೂ ಹೆಚ್ಚು ಹಿಮಸಾರಂಗ ಸತ್ತವು, ಒಬ್ಬ ಹುಡುಗನೂ ತೀರಿಕೊಂಡ. ಆ ಬೇಸಿಗೆ ವಿಪರೀತ ಸೆಕೆ ಇತ್ತು, ಹಳೇ ರೋಗಾಣು ಕರಗಿದ ಮಣ್ಣಿನಿಂದಲೇ ಎದ್ದಿರಬೇಕು ಎಂದು ತಜ್ಞರು ಹೇಳಿದರು. ಆದರೆ ಇನ್ನೊಂದು ಕಥೆಯೂ ಇದೆ. ಇನ್ನೂ ಉತ್ತರಕ್ಕಿರುವ ನಾರ್ವೆಯ ದ್ವೀಪಸಮೂಹ ಸ್ವಾಲ್‌ಬಾರ್ಡ್‌ನ ಲಾಂಗ್‌ಯಿಯರ್‌ಬೀನ್ ಊರಲ್ಲಿ 1918ರ ಫ್ಲೂನಿಂದ ಸತ್ತ ಏಳು ಯುವಕರ ಸಮಾಧಿ ಇದೆ. ವೈರಸ್ ಐಸ್‌ನಲ್ಲಿ ಉಳಿದಿರಬಹುದು ಎಂದು 1998ರಲ್ಲಿ ವಿಜ್ಞಾನಿಗಳು ಅದನ್ನು ಅಗೆದರು. ಶವಪೆಟ್ಟಿಗೆಗಳು ಸಿಕ್ಕಿದ್ದು ಪ್ರತಿ ಬೇಸಿಗೆ ಕರಗಿ ಮತ್ತೆ ಗಟ್ಟಿಯಾಗುವ ಮೇಲಿನ ಮಣ್ಣಿನಲ್ಲಿ. ಜೀವಂತ ವೈರಸ್ ಸಿಗಲಿಲ್ಲ. ನೀನು ಹುಡುಕುವ ಚಳಿಪ್ರಿಯ ಯೀಸ್ಟ್‌ಗಳಿಗಂತೂ ನಮ್ಮ ಮೈಯ ಬಿಸಿಯೇ ತಡೆಯುವುದಿಲ್ಲ. ಗ್ಲೌಸ್ ಹಾಕುವುದು ಹೆಚ್ಚಾಗಿ ನಮ್ಮಿಂದ ಅವುಗಳನ್ನು ಉಳಿಸೋಕೆ. ನಮ್ಮ ಚರ್ಮದ ಮೇಲಿನ ಮಲಸೇಜಿಯಾ ಎಂಬ ಯೀಸ್ಟ್ ಒಂದು ಸಲ ಸ್ಯಾಂಪಲ್‌ಗೆ ಸೇರಿದರೆ ಡಿಎನ್‌ಎ ರಿಪೋರ್ಟ್‌ನಲ್ಲಿ ಅದೇ ಬರುತ್ತದೆ. ಇದನ್ನು ಅಮ್ಮನಿಗೆ ವಿವರಿಸಿ ಹೇಳು, ಧೈರ್ಯ ಬರುತ್ತದೆ.

ಈಗ ಕೆಲಸದ ವಿಷಯ. ಸ್ಯಾಂಪಲ್ಲನ್ನು ಕರಗಿದ ಅಗಾರ್‌ಗೆ (ಜೀವಿ ಬೆಳೆಸುವ ಜೆಲ್ಲಿಗೆ) ಬೆರೆಸಿ ತಟ್ಟೆಗೆ ಸುರಿಯುವ ಪೋರ್ ಪ್ಲೇಟ್ ಮರೆತುಬಿಡು. ಕರಗಿದ ಅಗಾರ್ 45 ಡಿಗ್ರಿ ಇರುತ್ತದೆ, ಇಲ್ಲಿನ ಜೀವಿಗಳಿಗೆ ಅದು ಸಾವು. ಪ್ಲೇಟ್, ನೀರು, ಟ್ಯೂಬ್ ಎಲ್ಲ ಮೊದಲೇ ತಣ್ಣಗಿಟ್ಟು, ಗಟ್ಟಿಯಾದ ಅಗಾರ್ ಮೇಲೆ ಸ್ಪ್ರೆಡ್ ಮಾಡು. ನ್ಯೂಟ್ರಿಯೆಂಟ್ ಅಗಾರ್ ಜಾಸ್ತಿ ಪುಷ್ಟಿ, ಬಡ ಮಣ್ಣಿಂದ ಬಂದವಕ್ಕೆ ಒಗ್ಗುವುದಿಲ್ಲ. ಆರ್2ಎ ಥರದ ತೆಳು ಆಹಾರ ಕೊಡು. 4 ಡಿಗ್ರಿಯಲ್ಲಿಟ್ಟು, ಅಗಾರ್ ಒಣಗದ ಹಾಗೆ ಪ್ಯಾರಾಫಿಲ್ಮ್ ಸುತ್ತಿ ಕಾಯಿ. ಊರಲ್ಲಿ ಮಾರನೇ ದಿನ ಬೆಳಿಗ್ಗೆಗೆ ಪ್ಲೇಟ್ ತುಂಬಿರುತ್ತಿತ್ತು, ಅಲ್ವಾ? ಇಲ್ಲಿ ವಾರಗಳು ಬೇಕು, ಕೆಲವಕ್ಕೆ ತಿಂಗಳುಗಳು. ಏನೂ ಬಂದಿಲ್ಲ ಎಂದು ಎಸೆಯಲು ಹೊರಟಾಗ ಒಂದು ಮಿಲಿಮೀಟರೂ ಇಲ್ಲದ ಚುಕ್ಕೆ ಕಾಣುತ್ತದೆ.

ಅವು ಚಳಿಯಲ್ಲಿ ಬದುಕುವ ರೀತಿಯೂ ಸೊಗಸಾಗಿದೆ. ಕೋಶದ ಕೊಬ್ಬಿನ ಪದರ ಬಿಗಿಯಾಗದಂತೆ ಅದರ ಕೊಬ್ಬನ್ನೇ ಬದಲಿಸಿಕೊಳ್ಳುತ್ತವೆ. ಟ್ರೆಹಲೋಸ್ ಸಕ್ಕರೆ, ಗ್ಲಿಸರಾಲ್ ಒಳಗೆ ತುಂಬಿಕೊಳ್ಳುತ್ತವೆ. ಕೆಲವು ಐಸ್ ಹರಳಿಗೆ ಅಂಟಿಕೊಂಡು ಅದನ್ನು ಬೆಳೆಯಲು ಬಿಡದ ಪ್ರೋಟೀನ್ ಮಾಡುತ್ತವೆ. ಟೈಫುಲಾ ಎಂಬ ಬೂಷ್ಟು ಅಂಥದ್ದು. ಅದನ್ನು ನೋಡಲು ಧ್ರುವಕ್ಕೆ ಹೋಗಬೇಕಿಲ್ಲ. ಮೇ ತಿಂಗಳಲ್ಲಿ ಹಿಮ ಕರಗಿದಾಗ ಇಲ್ಲಿನ ಮನೆಗಳ ಮುಂದಿನ ಹುಲ್ಲಿನ ಮೇಲೆ ಬೂದು ವೃತ್ತಗಳು ಕಾಣುತ್ತವೆ. ಬಗ್ಗಿ ನೋಡು. ಒಣಗಿದ ಹುಲ್ಲಿನ ಎಸಳಿಗೆ ಕಂದು ಕಾಳು ಅಂಟಿರುತ್ತವೆ. ಹಿಮದಡಿ ಚಳಿಗಾಲವೆಲ್ಲ ಹುಲ್ಲು ತಿಂದು, ಬೇಸಿಗೆ ಕಳೆಯಲು ಅದು ಕಟ್ಟಿಕೊಂಡ ಗಂಟುಗಳು ಅವು.

ಸ್ವಾಲ್‌ಬಾರ್ಡ್‌ಗೆ ನಿನ್ನನ್ನು ಕಳಿಸೇ ಕಳಿಸುತ್ತಾರೆ. ಹಿಮದ ಮೇಲೆ ಕೆಂಪು ಕಲೆ ಕಂಡರೆ ಅದು ಪಾಚಿ. ಹಿಮನದಿಯ ಮೇಲೆ ಕಪ್ಪು ತಳದ ನೀರಿನ ಕುಣಿಗಳು ಕಂಡರೆ ಅದು ಕ್ರಯೋಕೊನೈಟ್. ಕಪ್ಪು ದೂಳು ಬಿಸಿಲು ಹೀರಿ ಐಸ್ ಕರಗಿಸಿ ಕೆಳಗಿಳಿಯುತ್ತದೆ, ಆ ಕುಣಿಯಲ್ಲಿ ಸೂಕ್ಷ್ಮಜೀವಿಗಳ ಒಂದು ಊರೇ ಇರುತ್ತದೆ. ಅಲ್ಲಿನ ನ್ಯೂ-ಓಲೆಸುಂಡ್ ಊರಲ್ಲಿ 2008ರಿಂದ ನಮ್ಮ ದೇಶದ ಹಿಮಾದ್ರಿ ಸಂಶೋಧನಾ ಕೇಂದ್ರ ಇದೆ. 79 ಡಿಗ್ರಿ ಉತ್ತರದಲ್ಲಿ ಆ ಹೆಸರು ಓದಿದಾಗ ಎದೆ ತುಂಬಿ ಬರುತ್ತದೆ. ಅಲ್ಲಿ ರೇಡಿಯೊ ಉಪಕರಣಗಳಿಗೆ ತೊಂದರೆ ಆಗದಿರಲಿ ಎಂದು ಮೊಬೈಲಿನ ವೈ-ಫೈ, ಬ್ಲೂಟೂತ್ ಆಫ್ ಮಾಡಿಸುತ್ತಾರೆ. ಅಮ್ಮನಿಗೆ ಮೊದಲೇ ತಿಳಿಸಿರು, ಇಲ್ಲದಿದ್ದರೆ ಗಾಬರಿಯಾಗುತ್ತಾರೆ.

ಈ ಪತ್ರ ಬರೆಯಲು ಕೂತದ್ದೇ ಮುಂದಿನ ಮಾತಿಗಾಗಿ.

ನಾನು ಮೊದಲು ಕೆಲಸ ಮಾಡಿದ ಲ್ಯಾಬಿನಲ್ಲಿ, ಸ್ವಾಲ್‌ಬಾರ್ಡ್‌ನ ಒಂದು ಹಿಮನದಿಯ ಅಂಚಿನಿಂದ ತಂದ ಐಸ್‌ನಲ್ಲಿ ಹಲವು ಶಿಲೀಂಧ್ರಗಳು ಸಿಕ್ಕಿದ್ದವು. ಪೆನಿಸಿಲಿಯಂ ಎಂಬ ಬೂಷ್ಟುಗಳು ಬೇಕಾದಷ್ಟು. ಸ್ಲೊವೇನಿಯದ ಶಿಲೀಂಧ್ರ ವಿಜ್ಞಾನಿ ನೀನಾ ಗುಂಡೆ-ಸಿಮೆರ್ಮನ್ ಅವರ ತಂಡ ಮೊದಲೇ ಸ್ವಾಲ್‌ಬಾರ್ಡ್‌ನ ಹಿಮನದಿಗಳ ತಳದ ಐಸ್‌ನಲ್ಲಿ ಅವನ್ನು ಕಂಡುಕೊಂಡಿತ್ತು, ಹಾಗಾಗಿ ನಮಗೆ ಆಶ್ಚರ್ಯ ಆಗಲಿಲ್ಲ. ಅವುಗಳ ನಡುವೆ ಒಂದು ಯೀಸ್ಟ್ ಇತ್ತು. ತೆಳು ಗುಲಾಬಿ ಬಣ್ಣ, ಮೇಲೆ ಒದ್ದೆ ಹೊಳಪು, ಲೂಪ್‌ನಿಂದ (ತಂತಿಯ ಕುಣಿಕೆಯಿಂದ) ಎತ್ತಿದರೆ ಎಳೆಯಾಗಿ ಬರುತ್ತಿತ್ತು. ಮೈಕ್ರೋಸ್ಕೋಪಿನಡಿ ಉದ್ದನೆಯ ಕೋಶ, ಒಂದೇ ತುದಿಯಲ್ಲಿ ಮೊಗ್ಗು. 15 ಡಿಗ್ರಿಗೆ ಬೆಳವಣಿಗೆ ನಿಂತುಬಿಡುತ್ತಿತ್ತು. ಡಿಎನ್‌ಎ ಯಾವುದಕ್ಕೂ ಸರಿಯಾಗಿ ಹೊಂದಲಿಲ್ಲ. ಅದಕ್ಕೊಂದು ಹೆಸರು ಇಡುವ ಆಸೆ ನನಗೆ ತುಂಬಾ ಇತ್ತು.

ಎಲ್ಲವೂ ಒಂದೇ ಮೈನಸ್ 80 ಫ್ರೀಜರಿನಲ್ಲಿ ಇದ್ದವು. ಎರಡನೇ ಪ್ರತಿ ಈಸ್ಟರ್ ರಜೆ ಆದ ಮೇಲೆ ಎಂದು ಲ್ಯಾಬಿನವರು ತೀರ್ಮಾನಿಸಿದ್ದರು. ನಾರ್ವೆಯಲ್ಲಿ ಈಸ್ಟರ್ ಅಂದರೆ ಊರಿಗೆ ಊರೇ ಖಾಲಿ, ಎಲ್ಲರೂ ಸ್ಕೀ ಹಿಡಿದು ಬೆಟ್ಟದ ಮನೆಗೆ ಹೋಗಿರುತ್ತಾರೆ. ಆ ರಜೆಯಲ್ಲಿ ಕಂಪ್ರೆಸರ್ ನಿಂತಿತು. ಅಲಾರಂ ಹೋದದ್ದು ಕೆಲಸ ಬಿಟ್ಟುಹೋದವರ ಫೋನಿಗೆ. ಮಂಗಳವಾರ ಬೆಳಿಗ್ಗೆ ಬಾಗಿಲ ಕೆಳಗೆ ನೀರು ನಿಂತಿತ್ತು. ಡಬ್ಬಿ ಎತ್ತಿದರೆ ಒದ್ದೆ ರಟ್ಟು ಕೈಯಲ್ಲೇ ಹರಿಯಿತು, ಟ್ಯೂಬುಗಳು ನೆಲಕ್ಕೆ ಉರುಳಿದವು.

ಎಲ್ಲವನ್ನೂ ಮತ್ತೆ ಪ್ಲೇಟಿಗೆ ಹಾಕಿ ಕಾದೆ. ಪೆನಿಸಿಲಿಯಂಗಳು ಬದುಕಿದ್ದವು, ಅವು ಕೋಣೆಯ ಬಿಸಿಯಲ್ಲೂ ಬೆಳೆಯುವಂಥವು. ಹೋದದ್ದು ಬೆಚ್ಚಗಾದರೆ ಸಾಯುವಂಥವು. ಅಂದರೆ ನಿಜವಾಗಿ ಆ ಐಸ್‌ಗೆ ಸೇರಿದವೇ ಹೋದವು, ಎಲ್ಲೆಡೆ ಸಿಗುವವು ಉಳಿದವು. ಗುಲಾಬಿ ಯೀಸ್ಟ್ ಬರಲೇ ಇಲ್ಲ. ಹೊಸ ಪ್ರಭೇದಕ್ಕೆ ಹೆಸರಿಡಬೇಕಾದರೆ ಸಂಗ್ರಹಾಲಯದಲ್ಲಿ ಕಾಪಿಟ್ಟ ಮಾದರಿ ಬೇಕು. ನನ್ನ ಹತ್ತಿರ ಉಳಿದದ್ದು ಡಿಎನ್‌ಎ ಅಕ್ಷರಗಳ ಒಂದು ಫೈಲ್.

ಮುಂದಿನ ಬೇಸಿಗೆ ಅದೇ ಜಾಗ ಹುಡುಕಿಕೊಂಡು ಹೋದೆವು. ಐಸ್‌ನ ಅಂಚು ಹಿಂದೆ ಸರಿದಿತ್ತು. ನಾವು ಕೊರೆದ ಕಡೆ ಜಲ್ಲಿಕಲ್ಲು, ಅದರ ಮೇಲೆ ಹರಿಯುವ ಕೆಸರು ನೀರು. ಸ್ವಾಲ್‌ಬಾರ್ಡ್ ಜಗತ್ತಿನ ಸರಾಸರಿಗಿಂತ ಹಲವು ಪಟ್ಟು ವೇಗವಾಗಿ ಬಿಸಿಯಾಗುತ್ತಿದೆ, ಇದನ್ನು ನಾನು ಓದಿದ್ದೆ. ಕಾಲಡಿ ನೋಡಿದ್ದು ಅವತ್ತು. ಇಂದಿಗೂ ಆ ಯೀಸ್ಟ್ ನೆನಪಾದರೆ ಹೊಟ್ಟೆಯಲ್ಲಿ ಸಂಕಟವಾಗುತ್ತದೆ.

ಬೀಜಗಳ ವಿಷಯದಲ್ಲಿ ಇದನ್ನು ಜಗತ್ತು ಅರ್ಥಮಾಡಿಕೊಂಡಿದೆ. 2008ರಲ್ಲಿ ಲಾಂಗ್‌ಯಿಯರ್‌ಬೀನ್ ಹತ್ತಿರ ಬೀಜಗಳ ಭಂಡಾರ ತೆರೆದರು, ದೇಶದೇಶಗಳ ಬೀಜದ ಎರಡನೇ ಪ್ರತಿ ಅಲ್ಲಿ ಮೈನಸ್ 18ರಲ್ಲಿದೆ. ಸಿರಿಯಾದ ಯುದ್ಧದಲ್ಲಿ ಅಲೆಪ್ಪೊ ಹತ್ತಿರದ ಇಕಾರ್ಡಾ ಎಂಬ ಕೃಷಿ ಸಂಶೋಧನಾ ಸಂಸ್ಥೆಗೆ ತನ್ನ ಬೀಜಕೋಠಿ ಕೈಗೆ ಸಿಗದಾದಾಗ, 2015ರಲ್ಲಿ ಅಲ್ಲಿಂದಲೇ ಬೀಜ ವಾಪಸ್ ಪಡೆದು ಲೆಬನಾನ್, ಮೊರೊಕ್ಕೊದಲ್ಲಿ ಬೆಳೆಸಿದರು. 2016ರ ಶರತ್ಕಾಲದಲ್ಲಿ ವಿಪರೀತ ಮಳೆ ಸುರಿದು ಆ ಭಂಡಾರದ ಸುರಂಗದ ಬಾಯಿಗೂ ನೀರು ನುಗ್ಗಿತು. ಬೀಜಕ್ಕೆ ಏನೂ ಆಗಲಿಲ್ಲ, ಆದರೆ ಬಾಗಿಲ ಭಾಗವನ್ನು ಮತ್ತೆ ಕಟ್ಟಬೇಕಾಯಿತು. ಎಂದೂ ಕರಗದು ಎಂದು ನಂಬಿದ್ದ ನೆಲ ಅದು.

ನಮ್ಮ ಅಮ್ಮಂದಿರು ಹೆಪ್ಪಿಗೆ ಒಂದು ಬಟ್ಟಲನ್ನೇ ನಂಬಿಕೊಂಡವರಲ್ಲ, ಪಕ್ಕದ ಮನೆಯಲ್ಲೂ ಅದೇ ಹೆಪ್ಪು ಇರುತ್ತಿತ್ತು. ನೀನೂ ಹಾಗೇ ಮಾಡು. ಹೊಸ ಕಾಲೊನಿ ಶುದ್ಧವಾದ ದಿನವೇ ಮೂರು ಗ್ಲಿಸರಾಲ್ ಸ್ಟಾಕ್ (ಗ್ಲಿಸರಾಲ್ ಬೆರೆಸಿ ಹೆಪ್ಪುಗಟ್ಟಿಸಿಡುವ ಪ್ರತಿ) ಮಾಡು: ಒಂದು ನಿನ್ನ ಫ್ರೀಜರಿಗೆ, ಒಂದು ಬೇರೆ ಕಟ್ಟಡದ ಫ್ರೀಜರಿಗೆ, ಮತ್ತೊಂದು ದ್ರವ ಸಾರಜನಕಕ್ಕೆ. ಹೊಸದು ಅನ್ನಿಸಿದ್ದನ್ನು ಪೇಪರ್ ಬರೆಯುವವರೆಗೆ ಬಚ್ಚಿಟ್ಟುಕೊಳ್ಳಬೇಡ, ನೆದರ್‌ಲ್ಯಾಂಡ್ಸ್‌ನ ಉಟ್ರೆಕ್ಟ್‌ನಲ್ಲಿರುವ ವೆಸ್ಟರ್‌ಡೈಕ್ ಸಂಸ್ಥೆಯಂಥ ಶಿಲೀಂಧ್ರ ಸಂಗ್ರಹಾಲಯಕ್ಕೆ ಕಳಿಸು. ಫ್ರೀಜರ್ ಅಲಾರಂ ಯಾರ ಫೋನಿಗೆ ಹೋಗುತ್ತದೆ ಎಂದು ಸೇರಿದ ವಾರವೇ ಕೇಳು. ಹೊಸಬ ಹೇಗೆ ಕೇಳೋದು ಎಂದು ಸಂಕೋಚ ಬೇಡ. ಇಲ್ಲಿ ಗೈಡನ್ನೂ ಹೆಸರು ಹಿಡಿದೇ ಕರೆಯುತ್ತಾರೆ, ಪ್ರಶ್ನೆ ಕೇಳಿದರೆ ಯಾರೂ ಬೇಜಾರು ಮಾಡಿಕೊಳ್ಳುವುದಿಲ್ಲ.

ಎರಡನೇ ಫ್ರೀಜರಿನ ಬಗ್ಗೆ ಗೈಡ್‌ಗೆ ಈಗಲೇ ಒಂದು ಮೇಲ್ ಹಾಕು. ಅವರು ಏನು ಹೇಳಿದರು ಎಂದು ನನಗೆ ಬರಿ. ಜಾಗ ಇಲ್ಲ ಎಂದರೆ, ನಿನ್ನದೊಂದು ಡಬ್ಬಿ ಇಡಲು ನಮ್ಮ ಲ್ಯಾಬಿನಲ್ಲಿ ನಾನು ಕೇಳುತ್ತೇನೆ.