ಅಂಗಡಿ ಖಾಲಿ ಮಾಡಿ ಎಂದರೆ ‘ನೀವು ಮಾಲೀಕರೇ ಅಲ್ಲ’ ಎನ್ನುತ್ತಾರೆ

ಪ್ರಶ್ನೆ: ತಿಪಟೂರಿನಲ್ಲಿ ನಮ್ಮ ತಂದೆ ಕಟ್ಟಿಸಿದ 10/20 ಅಡಿಯ ಅಂಗಡಿಯೊಂದಿದೆ. 2006ರಲ್ಲಿ ಒಬ್ಬರಿಗೆ ಪಾತ್ರೆ ವ್ಯಾಪಾರಕ್ಕೆಂದು ಬಾಡಿಗೆಗೆ ಕೊಟ್ಟಿದ್ದರು. 11 ತಿಂಗಳ ಕರಾರು ಆಗಿದ್ದು ಒಂದೇ ಸಲ. ಆಮೇಲೆ ತಂದೆ ಒಂದು ನೋಟ್‌ಬುಕ್ಕಿನಲ್ಲಿ ತಿಂಗಳ ಬಾಡಿಗೆ ಬರೆದು, ಅವರಿಂದ ಸಹಿ ಹಾಕಿಸಿಕೊಳ್ಳುತ್ತಿದ್ದರು. 2020ರಲ್ಲಿ ತಂದೆ ತೀರಿಕೊಂಡರು. ಅಲ್ಲಿಂದ ಬಾಡಿಗೆ ನನ್ನ ಹೆಸರಿಗೇ ಫೋನ್‌ಪೇ ಆಗುತ್ತಿತ್ತು. ಹತ್ತು ತಿಂಗಳಿಂದ ಅದೂ ನಿಂತಿದೆ. ಖಾಲಿ ಮಾಡಿ ಎಂದಿದ್ದಕ್ಕೆ ವಕೀಲರಿಂದ ನೋಟಿಸು ಕಳಿಸಿದ್ದಾರೆ. ಜಾಗ ನಮ್ಮ ದೊಡ್ಡಪ್ಪನ ಮಕ್ಕಳದಂತೆ, ಅವರಿಂದ ಕ್ರಯದ ಕರಾರು ಮಾಡಿಸಿಕೊಂಡಿದ್ದಾರಂತೆ, ನನಗೂ ಆ ಸ್ವತ್ತಿಗೂ ಸಂಬಂಧವೇ ಇಲ್ಲವಂತೆ. ನಗರಸಭೆಯ ಖಾತೆ ಇನ್ನೂ ತಂದೆಯ ಹೆಸರಿನಲ್ಲೇ ಇದೆ. ನಾನು ಮೊದಲು ಮಾಲೀಕನೆಂದು ಸಾಬೀತು ಮಾಡಬೇಕೇ? ರಾತ್ರೋರಾತ್ರಿ ಬೀಗ ಜಡಿದುಬಿಡು ಎನ್ನುತ್ತಾರೆ ನೆಂಟರು.
– ಒಬ್ಬ ಓದುಗರು

ಉತ್ತರ: ಬೀಗದ ಮಾತು ಮೊದಲು ಬಿಡಿ. ಕಾನೂನಿನ ದಾರಿ ಬಿಟ್ಟು ಹೊರಹಾಕಿದರೆ, ಅವರು 1963ರ ನಿರ್ದಿಷ್ಟ ಪರಿಹಾರ ಅಧಿನಿಯಮದ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹಾಕಿ ಸ್ವಾಧೀನ ವಾಪಸ್ ಪಡೆಯಬಹುದು. ಆ ದಾವೆಯಲ್ಲಿ ‘ಮಾಲೀಕ ನಾನೇ’ ಎನ್ನುವ ನಿಮ್ಮ ವಾದವನ್ನು ಕೇಳುವುದೇ ಇಲ್ಲ. ಕರೆಂಟು ತೆಗೆಸುವುದೂ ಬೇಡ.

ಇನ್ನು ಮುಖ್ಯ ಪ್ರಶ್ನೆ. ಮಾಲೀಕತ್ವ ಘೋಷಣೆಗೆಂದು ಬೇರೆ ದಾವೆ ಹೂಡಬೇಡಿ. ನಿಮ್ಮ ಬಾಡಿಗೆದಾರರಿಗೆ ಬೇಕಿರುವುದೇ ಅದು. ಹಾಗೆ ಹೂಡಿದರೆ ನಿಮ್ಮ ತಾತನ ಕಾಲದ ಪಾಲುಪಟ್ಟಿ, ದೊಡ್ಡಪ್ಪನ ಮಕ್ಕಳ ಸಾಕ್ಷ್ಯ ಎಲ್ಲವೂ ಒಳಗೆ ಬರುತ್ತವೆ. ಕೇಸು ವರ್ಷಗಟ್ಟಲೆ ಎಳೆಯುತ್ತದೆ, ಅಷ್ಟೂ ದಿನ ಅವರು ಅಂಗಡಿಯಲ್ಲಿ ವ್ಯಾಪಾರ ಮಾಡಿಕೊಂಡಿರುತ್ತಾರೆ. ಶುಲ್ಕದ ಲೆಕ್ಕವೂ ಇದೆ. 1958ರ ಕರ್ನಾಟಕ ನ್ಯಾಯಾಲಯ ಶುಲ್ಕ ಕಾಯ್ದೆಯ 41ನೇ ಕಲಮಿನಂತೆ ಬಾಡಿಗೆದಾರನನ್ನು ಬಿಡಿಸುವ ದಾವೆಗೆ ಹಿಂದಿನ ಒಂದು ವರ್ಷದ ಬಾಡಿಗೆಯ ಮೇಲೆ ಶುಲ್ಕ. ಹಕ್ಕಿನ ಆಧಾರದ ಮೇಲೆ ಸ್ವಾಧೀನ ಕೇಳಿದರೆ ಸ್ವತ್ತಿನ ಮಾರುಕಟ್ಟೆ ಬೆಲೆಯ ಮೇಲೆ.

ನೀವು ಸಾಬೀತು ಮಾಡಬೇಕಾದ್ದು ಒಂದೇ: ಅವರು ಆ ಅಂಗಡಿಗೆ ಬಂದದ್ದು ನಿಮ್ಮ ತಂದೆಯ ಬಾಡಿಗೆದಾರರಾಗಿ, ತಂದೆಯ ನಂತರ ಮಾಲೀಕರ ಜಾಗದಲ್ಲಿರುವುದು ನೀವು. ಬಾಡಿಗೆಗೆ ಒಳಗೆ ಬಂದವರು, ಬಾಡಿಗೆ ಶುರುವಾದಾಗ ಆ ಮಾಲೀಕರಿಗೆ ಹಕ್ಕೇ ಇರಲಿಲ್ಲ ಎಂದು ಬಾಡಿಗೆ ನಡೆಯುತ್ತಿರುವಷ್ಟು ಕಾಲ ಹೇಳುವಂತಿಲ್ಲ. 1872ರ ಸಾಕ್ಷ್ಯ ಕಾಯ್ದೆಯಲ್ಲಿ ಇದು 116ನೇ ಕಲಮಾಗಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲಿ 122ನೆಯದು, ಅದರಂತೆ ಬಾಡಿಗೆ ಮುಗಿದ ಮೇಲೂ ಹಾಗೆ ಹೇಳುವಂತಿಲ್ಲ. ಜಾಗ ನನ್ನದೇ ಎನ್ನುವವರು ಮೊದಲು ಸ್ವಾಧೀನ ಬಿಟ್ಟುಕೊಡಲಿ, ಆಮೇಲೆ ಹಕ್ಕು ಕೇಳಲಿ ಎಂದು ಬ್ರಿಟಿಷರ ಕಾಲದಲ್ಲಿ ನಮ್ಮ ಕೊನೆಯ ಮೇಲ್ಮನವಿ ನ್ಯಾಯಾಲಯವಾಗಿದ್ದ ಪ್ರಿವಿ ಕೌನ್ಸಿಲ್ 1915ರಲ್ಲೇ ಹೇಳಿದೆ. ನಮ್ಮ ನ್ಯಾಯಾಲಯಗಳು ಈಗಲೂ ಅದನ್ನೇ ಪಾಲಿಸುತ್ತವೆ. ದಾಯಾದಿಗಳಿಂದ ಪಡೆದ ಕ್ರಯದ ಕರಾರು ತಾನಾಗಿ ಯಾವ ಹಕ್ಕನ್ನೂ ಕೊಡುವುದಿಲ್ಲ. ಇಷ್ಟು ವರ್ಷ ಕೂತಿದ್ದರಿಂದ ಜಾಗ ಅವರದಾಗುತ್ತದೆ ಎಂಬ ಭಯವೂ ಬೇಡ. ಅನುಮತಿಯಿಂದ ಬಂದವರ ಸ್ವಾಧೀನ ಪ್ರತಿಕೂಲ ಸ್ವಾಧೀನವಲ್ಲ.

ಆದರೆ ಈ ರಕ್ಷಣೆಯಲ್ಲಿ ಒಂದು ಸಂದಿ ಇದೆ. ಎದುರು ವಕೀಲರು ಜಾಣರಾದರೆ ಅಲ್ಲಿಯೇ ಕೈ ಹಾಕುತ್ತಾರೆ. ಅವರು ಅಲ್ಲಗಳೆಯಲಾಗದ್ದು ನಿಮ್ಮ ತಂದೆಯ ಹಕ್ಕನ್ನು. ಆ ಹಕ್ಕು ನಿಮಗೆ ಹೇಗೆ ಬಂತು ಎಂದು ಅವರು ಕೇಳಬಹುದು. ಬಾಡಿಗೆ ಶುರುವಾದ ಮೇಲೆ ಸ್ವತ್ತು ಮಾರಾಟವಾಯಿತು, ಹರಾಜಾಯಿತು ಎಂದೂ ಹೇಳಬಹುದು. ಹಾಗಾಗಿ ತಂದೆಯ ಮರಣ ಪ್ರಮಾಣಪತ್ರ, ವಂಶವೃಕ್ಷ, 2006ರಿಂದ ಈಚಿನ ಋಣಭಾರ ಪತ್ರ (ಇ.ಸಿ.) ಈಗಲೇ ತೆಗೆದಿಡಿ. ತಾಯಿ ಇದ್ದರೆ ಅವರನ್ನೂ, ಅಕ್ಕತಂಗಿಯರಿದ್ದರೆ ಅವರನ್ನೂ ವಾದಿಗಳಾಗಿ ಸೇರಿಸಿಕೊಳ್ಳಿ. ಸಹಮಾಲೀಕರೊಬ್ಬರೇ ದಾವೆ ಹೂಡಬಹುದು ನಿಜ, ಆದರೂ ಆ ಸಂದಿಯನ್ನು ಏಕೆ ಬಿಡಬೇಕು? ಖಾತೆ ತಂದೆಯ ಹೆಸರಿನಲ್ಲಿದೆ ಎಂದು ಕೊರಗಬೇಡಿ. ಖಾತೆ ಇರುವುದು ತೆರಿಗೆಗಾಗಿ, ಅದು ಹಕ್ಕುಪತ್ರವಲ್ಲ.

ನಿಮ್ಮ ಕೈಲಿರುವ ದೊಡ್ಡ ಆಸ್ತಿ ಆ ನೋಟ್‌ಬುಕ್ಕು. ಅದರ ಹಾಳೆ ಹರಿಯಬೇಡಿ, ಹೊಸದಾಗಿ ಏನನ್ನೂ ಬರೆಯಬೇಡಿ, ಮಾಸಿದ ಅಕ್ಷರದ ಮೇಲೆ ಪೆನ್ನು ಆಡಿಸಲೇಬೇಡಿ. ನನ್ನ ಕಕ್ಷಿದಾರರೊಬ್ಬರು ಒಳ್ಳೆಯ ಮನಸ್ಸಿನಿಂದಲೇ ಹೀಗೆ ತಿದ್ದಿ ತಂದಿದ್ದರು. ಪಾಟೀಸವಾಲಿನಲ್ಲಿ ಆ ಒಂದು ಹಾಳೆಯ ಮೇಲೇ ಅರ್ಧ ದಿನ ಹೋಯಿತು. ಫೋನ್‌ಪೇಗೂ ಬೆಲೆ ಇದೆ. ತಂದೆ ಹೋದ ಮೇಲೆ ನಿಮಗೇ ಬಾಡಿಗೆ ಕೊಟ್ಟಿದ್ದಾರೆ ಎಂದರೆ ನಿಮ್ಮನ್ನು ಮಾಲೀಕರೆಂದು ಅವರು ನಡೆದುಕೊಂಡಿದ್ದಾರೆ. ಫೋನಿನ ಪರದೆಯ ಚಿತ್ರ ಮಾತ್ರ ಸಾಲದು, ಬ್ಯಾಂಕಿನಿಂದ ಪ್ರಮಾಣೀಕರಿಸಿದ ಹೇಳಿಕೆ ಪಡೆಯಿರಿ.

ಯಾವ ಕಾಯ್ದೆಯಡಿ ಹೋಗಬೇಕು ಎನ್ನುವುದಕ್ಕೆ ಅಂಗಡಿಯ ಅಳತೆ ಮುಖ್ಯ. ವ್ಯಾಪಾರದ ಜಾಗ 14 ಚದರ ಮೀಟರ್ ಮೀರಿದರೆ 1999ರ ಕರ್ನಾಟಕ ಬಾಡಿಗೆ ಅಧಿನಿಯಮ ಅನ್ವಯಿಸುವುದಿಲ್ಲ. ನಿಮ್ಮದು 200 ಚದರ ಅಡಿ, ಹೆಚ್ಚುಕಡಿಮೆ 18.6 ಚದರ ಮೀಟರ್. ಹಾಗಾಗಿ ಸ್ವತ್ತು ವರ್ಗಾವಣೆ ಅಧಿನಿಯಮದಂತೆ ಸಿವಿಲ್ ದಾವೆ. ಇದು ನಿಮಗೆ ಒಳ್ಳೆಯದೇ. ಬಾಡಿಗೆ ಅಧಿನಿಯಮದ ಕೇಸಿನಲ್ಲಿ ಬಾಯಿಮಾತಿನ ಬಾಡಿಗೆ ಎಂದಾಗಿ, ರಸೀದಿಯೂ ಇಲ್ಲದೆ, ಎದುರಿನವರು ಸಂಬಂಧವನ್ನೇ ಅಲ್ಲಗಳೆದರೆ, 43ನೇ ಕಲಮಿನಂತೆ ಅಲ್ಲಿಗೇ ಕೇಸು ನಿಲ್ಲಿಸಿ ಸಿವಿಲ್ ಕೋರ್ಟಿಗೆ ಹೋಗಿ ಎನ್ನುತ್ತಾರೆ. 14 ಚದರ ಮೀಟರ್ ಮೀರದ ಮಳಿಗೆ ಇರುವ ಓದುಗರು ಇದನ್ನು ನೆನಪಿಡಬೇಕು.

ಅವರು ಕಳಿಸಿದ ನೋಟಿಸನ್ನು ಲಕೋಟೆ ಸಮೇತ ಜೋಪಾನ ಮಾಡಿ. ಬಾಡಿಗೆದಾರ ಎನ್ನುವ ಸ್ಥಾನವನ್ನೇ ತೊರೆದು ಬೇರೆಯವರು ಮಾಲೀಕರು ಎಂದಿರುವುದು ಸ್ವತ್ತು ವರ್ಗಾವಣೆ ಅಧಿನಿಯಮದ 111(ಜಿ) ಕಲಮಿನಂತೆ ಬಾಡಿಗೆ ಹಕ್ಕು ಕಳೆದುಕೊಳ್ಳಲು ಕಾರಣ. ‘ಇನ್ನು ಬಾಡಿಗೆ ಯಾರಿಗೆ ಕೊಡಲಿ’ ಎಂದಷ್ಟೇ ಕೇಳಿದ್ದರೆ ಅದು ನಿರಾಕರಣೆ ಆಗುತ್ತಿರಲಿಲ್ಲ. ಆದರೆ ಇದೊಂದನ್ನೇ ನೆಚ್ಚಬೇಡಿ. ಹೀಗೆ ಬಾಡಿಗೆ ಹಕ್ಕು ಹೋಯಿತೆಂದು ವಕೀಲರಿಂದ ಕೊಡಿಸುವ ನೋಟಿಸಿನಲ್ಲೇ, ಆ ವಾದಕ್ಕೆ ಬಾಧಕವಿಲ್ಲದಂತೆ, 106ನೇ ಕಲಮಿನಂತೆ 15 ದಿನಗಳ ಮುಕ್ತಾಯದ ನೋಟಿಸನ್ನೂ ಸೇರಿಸಿ, ನೋಂದಣಿ ಸಹಿತ ಸ್ಪೀಡ್ ಪೋಸ್ಟಿನಲ್ಲಿ ಕಳಿಸಿ. ದಾವೆಯಲ್ಲಿ ಸ್ವಾಧೀನದ ಜೊತೆಗೆ ಹತ್ತು ತಿಂಗಳ ಬಾಕಿಯನ್ನೂ, ಖಾಲಿ ಮಾಡುವವರೆಗಿನ ನಷ್ಟಪರಿಹಾರವನ್ನೂ ಕೇಳಿ. ಬಾಕಿ ಕೇಳಲು ಕಾಲಮಿತಿ ಮೂರು ವರ್ಷ.

ನೋಟಿಸು ಹೋದ ಮೇಲೆ ಅವರು ಸದ್ದಿಲ್ಲದೆ ಒಂದು ತಿಂಗಳ ಬಾಡಿಗೆ ಫೋನ್‌ಪೇ ಮಾಡಬಹುದು. ಸುಮ್ಮನೆ ಇಟ್ಟುಕೊಂಡರೆ ಬಾಡಿಗೆ ಮುಂದುವರಿಸಲು ನೀವು ಒಪ್ಪಿದಿರಿ ಎಂಬ ವಾದಕ್ಕೆ ದಾರಿಯಾಗುತ್ತದೆ. ಹಣ ಬಂದ ದಿನವೇ ವಕೀಲರಿಗೆ ತಿಳಿಸಿ, ‘ಇದು ಹಳೆಯ ಬಾಕಿಗೆ ಜಮೆ, ಬಾಡಿಗೆ ಮುಂದುವರಿಕೆ ಅಲ್ಲ’ ಎಂದು ಅವರಿಂದ ಬರವಣಿಗೆಯಲ್ಲಿ ಉತ್ತರ ಕೊಡಿಸಿ.