ಗಣಿತ ಬಾರದಿದ್ದರೂ ಜೀವವಿಜ್ಞಾನದಲ್ಲಿ ಸಂಶೋಧನೆ ಮಾಡಬಹುದೇ?

"ಲೆಕ್ಕವನ್ನೆಲ್ಲ ಸಾಫ್ಟ್‌ವೇರ್ ಮಾಡುತ್ತದಲ್ಲ, ನಾನು ಪ್ರಯೋಗ ಅಚ್ಚುಕಟ್ಟಾಗಿ ಮಾಡಿದರೆ ಸಾಲದೇ?" ಭೌತವಿಜ್ಞಾನಿ ಫ್ಯಾರಡೆಗೂ ಗಣಿತ ಬರುತ್ತಿರಲಿಲ್ಲವಲ್ಲ, ಬೇಕಾದರೆ ಗಣಿತ ಬಲ್ಲವರನ್ನು ಜೊತೆಗಿಟ್ಟುಕೊಂಡರಾಯಿತಲ್ಲ ಎಂದೆಲ್ಲ ಕೇಳಿದ ನಿಮ್ಮ ಪ್ರಶ್ನೆಯ ಈ ಕೊನೆಯ ಸಾಲು ಓದಿ ಸ್ವಲ್ಪ ಹೊತ್ತು ಸುಮ್ಮನೆ ಕೂತೆ. ಪಿಎಚ್‌ಡಿಯ ಮೊದಲ ವರ್ಷ ನಾನೂ ಎಲ್ಲರಿಗೂ ಇದನ್ನೇ ಹೇಳುತ್ತಿದ್ದೆ. ಆಮೇಲೆ ನನ್ನ 14 ತಿಂಗಳ ದುಡಿಮೆ ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತಾಯಿತು.

ಗಣಿತದಿಂದ ತಪ್ಪಿಸಿಕೊಳ್ಳಲೆಂದೇ ಜೀವವಿಜ್ಞಾನ ಆರಿಸಿಕೊಂಡವನು ನಾನು. ಕೈಕೆಲಸ ಚೆನ್ನಾಗಿತ್ತು. ಪ್ರೋಟೀನ್ ಶುದ್ಧೀಕರಿಸುವುದು ಕೈಗೂಡದಿದ್ದರೆ ಲ್ಯಾಬಿನಲ್ಲಿ ನನ್ನನ್ನೇ ಕರೆಯುತ್ತಿದ್ದರು. ನನ್ನ ಕೆಲಸ ಒಂದು ಕಿಣ್ವದ ಮೇಲೆ. ಅದರಲ್ಲಿ ಒಂದೇ ಒಂದು ಅಮೈನೋ ಆಮ್ಲ ಬದಲಾಯಿಸಿದರೆ ಅದು ಸಬ್‌ಸ್ಟ್ರೇಟನ್ನು, ಅಂದರೆ ತಾನು ಕೆಲಸ ಮಾಡುವ ವಸ್ತುವನ್ನು, ಹಿಡಿದುಕೊಳ್ಳುವ ಬಗೆ ಬದಲಾಗುತ್ತದೆಯೇ ಎಂದು ನೋಡಬೇಕಿತ್ತು.

ಇದನ್ನು ಅಳೆಯುವ ದಾರಿ ಹಳೆಯದು. 1913ರ ಮೈಖೇಲಿಸ್–ಮೆಂಟೆನ್ ಸಮೀಕರಣದ ಪ್ರಕಾರ ಸಬ್‌ಸ್ಟ್ರೇಟ್ ಹೆಚ್ಚಿಸಿದಂತೆ ಕ್ರಿಯೆಯ ವೇಗ ಮೊದಲು ಸರಸರ ಏರಿ, ಆಮೇಲೆ ಬಾಗಿ, ಒಂದು ಗರಿಷ್ಠ ವೇಗದ ಹತ್ತಿರ ಹೋಗಿ ನಿಲ್ಲುತ್ತದೆ. ಗರಿಷ್ಠ ವೇಗದ ಅರ್ಧ ಸಿಗಲು ಎಷ್ಟು ಸಬ್‌ಸ್ಟ್ರೇಟ್ ಬೇಕೋ ಅದನ್ನು ಕೆಎಂ ಅನ್ನುತ್ತೇವೆ. ಬಾಗಿದ ಗೆರೆಯಿಂದ ಕೆಎಂ ತೆಗೆಯುವುದು ಕೈಲೆಕ್ಕದ ಕಾಲದಲ್ಲಿ ಕಷ್ಟವಿತ್ತು. ಅದಕ್ಕೆ 1934ರಲ್ಲಿ ಲೈನ್‌ವೀವರ್ ಮತ್ತು ಬರ್ಕ್ ಒಂದು ಉಪಾಯ ಕೊಟ್ಟರು: ಎರಡೂ ಕಡೆ ವ್ಯುತ್ಕ್ರಮ ತೆಗೆದುಕೊಳ್ಳಿ, ಅಂದರೆ 1 ಭಾಗಿಸು ವೇಗ, 1 ಭಾಗಿಸು ಸಾಂದ್ರತೆ. ಬಾಗಿದ್ದ ಗೆರೆ ನೆಟ್ಟಗಾಗುತ್ತದೆ. ಪಠ್ಯಪುಸ್ತಕದಲ್ಲಿ ಇದೇ ಇತ್ತು, ಲ್ಯಾಬಿನ ಎಕ್ಸೆಲ್ ಫೈಲಿನಲ್ಲೂ ಇದೇ. ಸಂಖ್ಯೆ ತುಂಬಿದರೆ ಗೆರೆ ಬರುತ್ತಿತ್ತು, ಕೆಳಗೆ ಕೆಎಂ ಬರುತ್ತಿತ್ತು.

ಮೂಲ ಕಿಣ್ವದ ಕೆಎಂ 5 ಮೈಕ್ರೊಮೋಲಾರ್ (ಸಾಂದ್ರತೆಯ ಅಳತೆ) ಬಂತು, ಬದಲಾಯಿಸಿದ ಕಿಣ್ವದ್ದು 9. ಗರಿಷ್ಠ ವೇಗವೂ 10ರಿಂದ 13.7ಕ್ಕೆ ಏರಿತ್ತು. ಗೆರೆ ಚುಕ್ಕಿಗಳಿಗೆ ಎಷ್ಟು ಹೊಂದುತ್ತದೆ ಎಂದು ಹೇಳುವ ಆರ್-ಸ್ಕ್ವೇರ್ 0.99ಕ್ಕಿಂತ ಹೆಚ್ಚು (1 ಅಂದರೆ ಪೂರ್ತಿ ಹೊಂದಿದಂತೆ). ಎಷ್ಟು ಸಲ ಮಾಡಿದರೂ ಅದೇ ಉತ್ತರ. "ಬದಲಾದ ಕಿಣ್ವ ಸಡಿಲವಾಗಿ ಹಿಡಿಯುತ್ತದೆ, ಆದರೆ ಬೇಗ ಬಿಡುತ್ತದೆ" ಎಂದು ಒಂದು ವಿವರಣೆಯನ್ನೂ ಕಟ್ಟಿದೆ. ಅದನ್ನು ಗಟ್ಟಿ ಮಾಡಲು ಅದೇ ಜಾಗದಲ್ಲಿ ಇನ್ನೂ ಮೂರು ರೂಪಾಂತರ ತಯಾರಿಸಿದೆ. ಒಂದೊಂದಕ್ಕೂ ತಿಂಗಳುಗಟ್ಟಲೆ ಕೆಲಸ. ಮೂರರಲ್ಲೂ ಕೆಎಂ 9ರ ಆಸುಪಾಸಿನಲ್ಲೇ ಬಂದಾಗ ನನ್ನ ನಂಬಿಕೆ ಇನ್ನೂ ಬಲವಾಯಿತು.

ಪಕ್ಕದ ಲ್ಯಾಬಿಗೆ ಭೌತವಿಜ್ಞಾನ ಓದಿಕೊಂಡವರೊಬ್ಬರು ಬಂದರು. ನನ್ನ ಗ್ರಾಫ್ ನೋಡಿ, ಮೇಲೆ ಬಲಗಡೆ ಒಂಟಿಯಾಗಿ ನಿಂತಿದ್ದ ಚುಕ್ಕಿಯ ಮೇಲೆ ಬೆರಳಿಟ್ಟು ಕೇಳಿದರು: "ಇದರ ಅಳತೆಯಲ್ಲಿ ಎಷ್ಟು ಹೆಚ್ಚುಕಡಿಮೆ ಇರಬಹುದು?" 0.2 ಯೂನಿಟ್ ಅಂದೆ. "ವ್ಯುತ್ಕ್ರಮ ತೆಗೆದ ಮೇಲೆ?" ಎಂದು ಕೇಳಿದರು. ನನ್ನ ಬಳಿ ಉತ್ತರವಿರಲಿಲ್ಲ. ಅಂಥ ಪ್ರಶ್ನೆಯೊಂದು ಇದೆ ಎಂಬುದೇ ನನಗೆ ಹೊಳೆದಿರಲಿಲ್ಲ.

ಸ್ವಲ್ಪ ತಾಳ್ಮೆಯಿಂದ ಇದನ್ನು ಓದಿ, ನನ್ನ ತಪ್ಪೆಲ್ಲ ಇಲ್ಲೇ ಇದೆ. ನೋಟ್‌ಬುಕ್ಕಿನ ಸಂಖ್ಯೆಗಳನ್ನು ತುಸು ದುಂಡಗೆ ಮಾಡಿ ಕೊಡುತ್ತೇನೆ. ಸಾಂದ್ರತೆಗಳು 0.5, 1, 2, 5, 10, 20. ಬದಲಾದ ಕಿಣ್ವದ ವೇಗಗಳು 0.71, 1.47, 2.66, 4.80, 6.47, 7.80. ರೂಪಾಂತರಗಳಿಗೆಲ್ಲ ಒಂದೇ ಬ್ಯಾಚಿನ ಬ್ಲ್ಯಾಂಕ್ ಬಳಸಿದ್ದೆ, ಅಂದರೆ ಕಿಣ್ವ ಹಾಕದ ದ್ರಾವಣ; ಅದರ ರೀಡಿಂಗನ್ನು ಪ್ರತಿ ಅಳತೆಯಿಂದ ಕಳೆಯುತ್ತೇವೆ. ಆ ದ್ರಾವಣ ಹಳೆಯದಾಗಿ, ಕಿಣ್ವವಿಲ್ಲದೆಯೂ ತುಸು ಹೆಚ್ಚಿನ ರೀಡಿಂಗ್ ಕೊಡುತ್ತಿತ್ತು. ಹೀಗಾಗಿ ಪ್ರತಿ ವೇಗದಿಂದಲೂ 0.2 ಹೆಚ್ಚಾಗಿ ಕಳೆದುಹೋಗುತ್ತಿತ್ತು. ನಿಜವಾದ ವೇಗ 8 ಇದ್ದಲ್ಲಿ 7.8 ಬಂದರೆ ಯಾರಿಗೂ ತೊಂದರೆಯಿಲ್ಲ: ವ್ಯುತ್ಕ್ರಮ 0.125 ಇದ್ದದ್ದು 0.128 ಆಗುತ್ತದೆ, ವ್ಯತ್ಯಾಸ ಬರೀ 0.003. ಆದರೆ 0.91 ಇರಬೇಕಾದಲ್ಲಿ 0.71 ಬಂದರೆ 1.10 ಇದ್ದದ್ದು 1.41 ಆಗುತ್ತದೆ, ವ್ಯತ್ಯಾಸ 0.31. ಅಳತೆಯ ತಪ್ಪು ಎರಡೂ ಕಡೆ ಅದೇ 0.2, ಕಾಗದದ ಮೇಲೆ ಮಾತ್ರ ಒಂದಕ್ಕಿಂತ ಇನ್ನೊಂದು ನೂರು ಪಟ್ಟು ದೊಡ್ಡದು.

ಸಾಲದ್ದಕ್ಕೆ, ಸಾಂದ್ರತೆಯ ವ್ಯುತ್ಕ್ರಮ ತೆಗೆದಾಗ ನಾಲ್ಕು ಚುಕ್ಕಿಗಳು 0.05ರಿಂದ 0.5ರ ಒಳಗೆ ಒತ್ತೊತ್ತಾಗಿ ಸೇರಿಕೊಳ್ಳುತ್ತವೆ, ಒಂದು 1ರಲ್ಲಿ ಇರುತ್ತದೆ, ಅತಿ ಕಡಿಮೆ ಸಾಂದ್ರತೆಯದ್ದು ಒಂಟಿಯಾಗಿ 2ರಲ್ಲಿ. ಏತದ ತುದಿ ಹಿಡಿದು ಎಳೆದ ಹಾಗೆ ಆ ಒಂದು ಚುಕ್ಕಿ ಇಡೀ ಗೆರೆಯನ್ನು ತನ್ನ ಕಡೆ ಎಳೆಯುತ್ತದೆ. ನನ್ನ ಆರು ಅಳತೆಗಳಲ್ಲಿ ಅತ್ಯಂತ ಕಡಿಮೆ ನಂಬಬೇಕಾದದ್ದು ಯಾವುದೋ ಅದರ ಮಾತೇ ನಡೆಯುತ್ತಿತ್ತು. ಆರ್-ಸ್ಕ್ವೇರ್ ಚೆನ್ನಾಗಿ ಬರುತ್ತಿದ್ದದ್ದೂ ಅದರಿಂದಲೇ: ಗೆರೆ ಆ ಚುಕ್ಕಿಯ ಹತ್ತಿರ ಹೋದರೆ ಸಾಕು, ಉಳಿದದ್ದೆಲ್ಲ ಲೆಕ್ಕಕ್ಕೆ ಬರುವುದಿಲ್ಲ. ಎಲ್ಲ ಚುಕ್ಕಿಗೂ ಒಂದೇ ತೂಕ ಕೊಡಬಾರದು ಎಂಬುದು ಗೊತ್ತಿಲ್ಲದ ವಿಷಯವೇನಲ್ಲ. ನಾನು ಅದನ್ನು ಓದುವ ಗೋಜಿಗೇ ಹೋಗಿರಲಿಲ್ಲ. ಪಕ್ಕದ ಲ್ಯಾಬಿನ ಆ ಭೌತವಿಜ್ಞಾನದವರು ಅದೇ ಆರು ಸಂಖ್ಯೆಗಳನ್ನು, ಅದೇ ಬ್ಲ್ಯಾಂಕಿನ ತಪ್ಪಿನ ಸಮೇತ, ವ್ಯುತ್ಕ್ರಮವಿಲ್ಲದೆ ನೇರವಾಗಿ ಬಾಗಿದ ಗೆರೆಗೆ ಹೊಂದಿಸಿದರು. ಕೆಎಂ ಸುಮಾರು 5.5, ಗರಿಷ್ಠ ವೇಗ ಸುಮಾರು 10. ಹೊಸ ಬ್ಲ್ಯಾಂಕ್ ಇಟ್ಟು ಮತ್ತೆ ಅಳೆದಾಗ ಮೂಲ ಕಿಣ್ವಕ್ಕೂ ಇದಕ್ಕೂ ವ್ಯತ್ಯಾಸವೇ ಇರಲಿಲ್ಲ. ಉಳಿದ ಮೂರು ರೂಪಾಂತರಗಳ ಕಥೆಯೂ ಅಷ್ಟೇ.

ಇಲ್ಲಿ ಬೇಕಿದ್ದ ಗಣಿತ ಎಷ್ಟು? ಚಿಕ್ಕ ಸಂಖ್ಯೆಯ ವ್ಯುತ್ಕ್ರಮ ದೊಡ್ಡದಾಗುತ್ತದೆ ಎಂಬುದು ಶಾಲೆಯ ಪಾಠ, ನನಗೂ ಗೊತ್ತಿತ್ತು. ಗೊತ್ತಿದ್ದದ್ದನ್ನು ನನ್ನ ಟ್ಯೂಬುಗಳ ಬಗ್ಗೆ ಯೋಚಿಸುವಾಗ ಬಳಸಲಿಲ್ಲ. ಜೀವವಿಜ್ಞಾನ ನನ್ನ ಕೆಲಸ, ಲೆಕ್ಕ ಕಂಪ್ಯೂಟರಿನದು ಎಂದು ಮನಸ್ಸಿನಲ್ಲಿ ಗೋಡೆ ಕಟ್ಟಿಕೊಂಡಿದ್ದೆ. ಸಾಫ್ಟ್‌ವೇರ್ ಒಂದು ತಪ್ಪನ್ನೂ ಮಾಡಲಿಲ್ಲ. ನಾನು ಕೇಳಿದ್ದನ್ನು ಸರಿಯಾಗಿಯೇ ಮಾಡಿಕೊಟ್ಟಿತು.

ಹಾಗಾಗಿ "ಗಣಿತವಿಲ್ಲದೆ ಆಗುತ್ತದೆಯೇ" ಎಂಬ ನಿಮ್ಮ ಪ್ರಶ್ನೆಯನ್ನೇ ನಾನು ಒಪ್ಪುವುದಿಲ್ಲ. ಪ್ರಯೋಗ ಮುಗಿದ ಮೇಲೆ ಗಣಿತ ಬರುತ್ತದೆ ಎಂದು ಅದು ಮೊದಲೇ ತೀರ್ಮಾನಿಸಿಬಿಟ್ಟಿದೆ. ಇಂಗ್ಲೆಂಡಿನ ವೈದ್ಯ ವಿಲಿಯಂ ಹಾರ್ವೆ 1628ರಲ್ಲಿ ರಕ್ತ ಸುತ್ತುತ್ತದೆ ಎಂದು ವಾದಿಸಿದಾಗ ಅವನ ಬಲವಾದ ಆಯುಧಗಳಲ್ಲಿ ಒಂದು ಬರೀ ಗುಣಾಕಾರ. ಇಂದಿನ ಅಂಕಿಗಳಲ್ಲಿ ಹೇಳುವುದಾದರೆ ಒಂದು ಬಡಿತಕ್ಕೆ 70 ಮಿಲಿಲೀಟರ್, ನಿಮಿಷಕ್ಕೆ 70 ಬಡಿತ, ಒಟ್ಟು ಹತ್ತಿರಹತ್ತಿರ 5 ಲೀಟರ್. ಇಡೀ ದೇಹದಲ್ಲಿರುವುದೇ ಸುಮಾರು ಅಷ್ಟು. ಅಂದಿನವರು ನಂಬಿದ್ದಂತೆ ತಿಂದ ಆಹಾರದಿಂದ ಯಕೃತ್ತು ನಿಮಿಷಕ್ಕೆ ಅಷ್ಟು ರಕ್ತ ಹೊಸದಾಗಿ ತಯಾರಿಸಲು ಸಾಧ್ಯವೇ ಇಲ್ಲ, ಅಂದಮೇಲೆ ಹೋದ ರಕ್ತ ವಾಪಸ್ ಬರಲೇಬೇಕು. ಅದು ಹಾದು ಬರುವ ಲೋಮನಾಳಗಳನ್ನು, ಅಂದರೆ ಅತಿ ಸಣ್ಣ ರಕ್ತನಾಳಗಳನ್ನು, ಇಟಲಿಯ ಮಾಲ್ಪೀಗಿ ಸೂಕ್ಷ್ಮದರ್ಶಕದಲ್ಲಿ ಕಂಡದ್ದು 1661ರಲ್ಲಿ. ಕಣ್ಣಿಗೆ ಕಾಣುವ 33 ವರ್ಷ ಮೊದಲೇ ಲೆಕ್ಕ ಅಲ್ಲಿಗೆ ಮುಟ್ಟಿತ್ತು. ಈ ಕಥೆ ನೆನೆದಾಗಲೆಲ್ಲ ನನಗೆ ಈಗಲೂ ಮೈ ಜುಮ್ಮೆನ್ನುತ್ತದೆ.

1943ರ ಲೂರಿಯಾ–ಡೆಲ್‌ಬ್ರಕ್ ಪ್ರಯೋಗ ಇನ್ನೂ ಸ್ಪಷ್ಟ ಉದಾಹರಣೆ. ವೈರಸ್ಸಿಗೆ ಬಗ್ಗದ ಬ್ಯಾಕ್ಟೀರಿಯಾ ವೈರಸ್ ತಾಗಿದ ಮೇಲೆ ಹುಟ್ಟುತ್ತವೆಯೋ, ಮೊದಲೇ ಹುಟ್ಟಿರುತ್ತವೆಯೋ? ಬೇರೆ ಬೇರೆ ಕೊಳವೆಗಳಲ್ಲಿ ಬೆಳೆಸಿ ಎಣಿಸಿದರೆ, ಮೊದಲನೆಯದು ನಿಜವಾದಲ್ಲಿ ಎಣಿಕೆಗಳ ಏರುಪೇರು (ವೇರಿಯನ್ಸ್) ಸರಾಸರಿಯಷ್ಟೇ ಇರಬೇಕು. ಎರಡನೆಯದಾದಲ್ಲಿ ಕೆಲವು ಕೊಳವೆಗಳಲ್ಲಿ ರಾಶಿ ರಾಶಿ, ಹಲವು ಖಾಲಿ. ರಾಶಿಯೇ ಸಿಕ್ಕಿತು. ಸಂಭವನೀಯತೆ ಗೊತ್ತಿಲ್ಲದವರು ಆ ಏರುಪೇರನ್ನು "ಪ್ರಯೋಗ ಕೆಟ್ಟಿತು" ಎಂದು ಚೆಲ್ಲಿಬಿಡುತ್ತಿದ್ದರು. ಪಿಎಚ್‌ಡಿಯ ಮೊದಲ ವರ್ಷದ ನಾನಾಗಿದ್ದರೆ ನಾನೂ ಅದನ್ನೇ ಮಾಡುತ್ತಿದ್ದೆ.

ನೀವು ಫ್ಯಾರಡೆಯ ಹೆಸರು ತೆಗೆದಿದ್ದೀರಿ. ಅವನಿಗೆ ಸಮೀಕರಣಗಳ ಭಾಷೆ ಬರುತ್ತಿರಲಿಲ್ಲ, ನಿಜ. ಆದರೆ ಆಯಸ್ಕಾಂತದ ಸುತ್ತ ಅವನು ಕಲ್ಪಿಸಿಕೊಂಡ ಬಲರೇಖೆಗಳೇ ಗಣಿತದ ಆಲೋಚನೆ, ಸಂಕೇತಗಳ ರೂಪದಲ್ಲಿ ಇರಲಿಲ್ಲ ಅಷ್ಟೇ ಎಂದು ವಿದ್ಯುತ್ತು ಮತ್ತು ಕಾಂತತೆಯ ಬಗ್ಗೆ ಬರೆದ 1873ರ ತನ್ನ ಗ್ರಂಥದ ಮುನ್ನುಡಿಯಲ್ಲಿ ಭೌತವಿಜ್ಞಾನಿ ಮ್ಯಾಕ್ಸ್‌ವೆಲ್ ಗುರುತಿಸಿದ. ಫ್ಯಾರಡೆಯನ್ನು ನೆಪ ಮಾಡಿಕೊಳ್ಳುವವರು, ಅವನಷ್ಟು ಕರಾರುವಾಕ್ಕಾಗಿ ಆಕಾರಗಳಲ್ಲಿ ಯೋಚಿಸಲು ತಮಗೆ ಬರುತ್ತದೆಯೇ ಎಂದೂ ಕೇಳಿಕೊಳ್ಳಬೇಕು.

ಗಣಿತ ಬಲ್ಲವರನ್ನು ಜೊತೆಗಿಟ್ಟುಕೊಳ್ಳುತ್ತೇನೆ ಅನ್ನುವ ನಿಮ್ಮ ಎರಡನೇ ಉಪಾಯ ನನಗೆ ಹಿಡಿಸಲಿಲ್ಲ. ಅವರನ್ನು ಯಾವಾಗ ಕರೆಯಬೇಕು ಎಂದು ತಿಳಿಯಲಿಕ್ಕೇ ಗಣಿತ ಬೇಕು. ನಾನು ಕರೆದಿರಲಿಲ್ಲ, ಅವರಾಗಿ ಬಂದರು. ದೊಡ್ಡ ಕೋರ್ಸಿಗೆ ಸೇರಿ ಅಂತಲೂ ಹೇಳುತ್ತಿಲ್ಲ. ಲಾಗರಿದಮ್, ಬದಲಾವಣೆಯ ದರ, ಸಂಭವನೀಯತೆ, ಅಂದಾಜು ಲೆಕ್ಕ, ಇಷ್ಟನ್ನು ಕೈಯಿಂದ ಮಾಡಿ ಮಾಡಿ ಪಳಗಿಸಿಕೊಳ್ಳಿ. ನನಗೆ ಒಂದು ವರ್ಷ ಹಿಡಿಯಿತು, ದಿನಕ್ಕೆ ಒಂದು ಗಂಟೆಯಂತೆ.

ಇನ್ನೊಂದು ಅಭ್ಯಾಸವನ್ನು ನಾನು ಈಗ ಯಾವ ಪ್ರಯೋಗಕ್ಕೂ ಮೊದಲು ಬಿಡುವುದಿಲ್ಲ. ಉತ್ತರ ಗೊತ್ತಿರುವ ಸುಳ್ಳು ಡೇಟಾ ನಾನೇ ತಯಾರಿಸಿ, ಅದರಲ್ಲಿ ಬೇಕೆಂದೇ ತಪ್ಪು ಬೆರೆಸಿ, ನನ್ನ ವಿಧಾನ ಏನು ಉತ್ತರ ಕೊಡುತ್ತದೆ ಎಂದು ನೋಡುತ್ತೇನೆ. ಒಂದು ಮಧ್ಯಾಹ್ನದ ಕೆಲಸ. ನೀವು ಮೇಲಿನ ಆರು ಜೋಡಿ ಸಂಖ್ಯೆಗಳಿಂದಲೇ ಶುರುಮಾಡಿ. ಮೊದಲು ಹಾಗೇ ವ್ಯುತ್ಕ್ರಮದ ಗೆರೆ ಎಳೆಯಿರಿ, ಆಮೇಲೆ ಪ್ರತಿ ವೇಗಕ್ಕೂ 0.2 ಸೇರಿಸಿ ಇನ್ನೊಮ್ಮೆ ಎಳೆಯಿರಿ. ಎಲ್ಲಾದರೂ ಸಿಕ್ಕಿಹಾಕಿಕೊಂಡರೆ ನಿಮ್ಮ ಲೆಕ್ಕವನ್ನು ಹಾಗೇ ಬರೆದು ಕಳಿಸಿ, ನೋಡುತ್ತೇನೆ.